ಪೆಟ್ಟಿಗೆಯಿಂದ ಹೊರಬಂದ ಮುಖ

ನಿಜಾಮರ ಆಳ್ವಿಕೆ ಮುಗಿದ ಮರುವರ್ಷ ಮಾನ್ವಿಯಲ್ಲಿ ನಮ್ಮ ನಾಟಕ ಕಂಪನಿ ಡೇರೆ ಹಾಕಿತ್ತು. ಆಡುತ್ತಿದ್ದದ್ದು ವಿಜ್ಞಾನದ ನಾಟಕ. ನಾಯಕ ಒಂದು ಯಂತ್ರದ ಪೆಟ್ಟಿಗೆಯೊಳಗೆ ಹೋಗಿ ಬೇರೆ ಮುಖ ಹೊತ್ತು ಹೊರಬರುತ್ತಾನೆ. ಹೆಂಡತಿಗೂ ಗುರುತು ಸಿಗುವುದಿಲ್ಲ. ಆ ಬೇರೆ ಮುಖ ನನ್ನದು. ದಪ್ಪ ಮೀಸೆ ಅಂಟಿಸಿ, ಹುಬ್ಬಿನ ಮೇಲೊಂದು ಗಾಯದ ಗುರುತು ಬರೆಯುತ್ತಿದ್ದರು.

ಸಂಜೆಯ ಆಟ ಮುಗಿದು ನಾನು ಬಣ್ಣ ತೆಗೆಯುವ ಮೊದಲೇ ಹಿರೇಕೊಟ್ನೆಕಲ್ಲಿನ ಹೆಣ್ಣುಮಗಳೊಬ್ಬಳು ಒಳಗೆ ಬಂದಳು. ನಿಜಾಮರ ಕೊನೆಗಾಲದ ಗಲಾಟೆಯ ದಿನಗಳಲ್ಲಿ ಊರು ಬಿಟ್ಟ ಅವಳ ಗಂಡ ತಿರುಗಿ ಬಂದಿರಲಿಲ್ಲ.

"ಇಲ್ಲಿ ಬಂದು ಕುಣ್ಯಾಕತ್ತೀಯೇನ? ನಡಿ ಮನಿಗೆ."

"ನಾ ಅವ ಅಲ್ಲ ಯವ್ವಾ. ಇದೆಲ್ಲ ಬಣ್ಣ."

"ಹಂಗಾರ ತಗಿ, ನೋಡ್ತೀನಿ."

ಕೊಬ್ಬರಿ ಎಣ್ಣೆ ಹಚ್ಚಿ ಒರೆಸಿಕೊಂಡೆ, ಮೀಸೆ ಕಿತ್ತೆ. ಅವಳು ಬಹಳ ಹೊತ್ತು ನೋಡಿದಳು.

"ತಪ್ಪಾತ್ರೀ," ಎಂದಳು. "ಅದನ್ನ ಮತ್ತ ಹಚ್ಗೋರಿ. ಒಂದೀಟು ನೋಡಿ ಹೋಗ್ತೀನಿ."

ಹಚ್ಚಿಕೊಂಡು ಕೂತೆ.

ಇಂಥದ್ದು ಮತ್ತೆ ಆಗಬಾರದೆಂದು ದೇವದುರ್ಗದಲ್ಲಿ ಮ್ಯಾನೇಜರು ನನ್ನ ಮೀಸೆ ಬದಲಿಸಿದರು. ಅಲ್ಲಿ ಒಬ್ಬ ಮುದುಕ ನನ್ನನ್ನೇ ಕಾಣೆಯಾದ ತನ್ನ ಮಗನೆಂದು ಕರೆದೊಯ್ಯಲು ಬಂದ. ತಗಡಿನ ಡಬ್ಬಿಯೆಂದು ನಾವೇ ನಗುತ್ತಿದ್ದ ಯಂತ್ರ ಆ ವರ್ಷ ಹೋದ ಊರಲ್ಲೆಲ್ಲ ಚೆನ್ನಾಗಿ ಕೆಲಸ ಮಾಡಿತು.