ಮಳೆಗೆ ಇಟ್ಟ ಪಾತ್ರೆಗಳು

ಮಾರ್ಚ್ ಬಂತೆಂದರೆ ನಮ್ಮ ಕಡೆ ಯಾರೂ ಯಾರನ್ನೂ ಹೇಗಿದ್ದೀರಿ ಎಂದು ಕೇಳುವುದಿಲ್ಲ. ಎಷ್ಟು ಸೆಂಟು ಎಂದು ಕೇಳುತ್ತಾರೆ. ಒಂದು ಇಂಚು ಮಳೆಯ ನೂರನೇ ಪಾಲಿಗೆ ಒಂದು ಸೆಂಟು. ಪ್ರತಿ ತೋಟದ ಅಂಗಳದಲ್ಲೂ ಒಂದು ಮಳೆಮಾಪಕ ಇರುತ್ತದೆ. ಹಲ್ಲುಜ್ಜುವ ಮೊದಲು ಅದನ್ನು ಇಣುಕಿ ನೋಡುವುದು ನಮಗೆ ಹುಟ್ಟಿನಿಂದ ಬಂದ ಚಾಳಿ. ಕಾಫಿ ಮೊಗ್ಗು ಬಲಿತಾಗ ಒಂದು ಹದವಾದ ಮಳೆ ಬೇಕು, ಅದು ಹೂಮಳೆ. ಹೂವು ಬಾಡಿದ ಮೇಲೆ ಕಾಯಿ ಕಟ್ಟಲು ಇನ್ನೊಂದು ಬೇಕು, ಅದು ಬ್ಯಾಕಿಂಗ್. ಅಪ್ಪನ ಕಾಲದಲ್ಲಿ ಎರಡೂ ಹೇಳಿದ ಹೊತ್ತಿಗೆ ಬರುತ್ತಿದ್ದವು. ಈಗ ಪಕ್ಕದ ತೋಟದವರೆಗೆ ಬಂದು, ನಮ್ಮ ಬೇಲಿ ನೋಡಿ ವಾಪಸ್ ಹೋಗುತ್ತವೆ.

ಹೋದ ವರ್ಷ ಬಣಕಲ್ ಹತ್ತಿರದ ನಮ್ಮ ಸಣ್ಣ ರೊಬಸ್ಟಾ ಕಾಫಿ ತೋಟಕ್ಕೆ ಹೂಮಳೆ ಬರಲೇ ಇಲ್ಲ. ಮೊಗ್ಗು ತುದಿಯಿಂದ ಕಂದು ತಿರುಗತೊಡಗಿತು. ಇದ್ದದ್ದು ಕೆರೆಯೊಂದೇ. ಪಂಪು ಹಚ್ಚಿ ಸ್ಪ್ರಿಂಕ್ಲರ್ ಹೊಡೆದರೆ ಇಡೀ ತೋಟಕ್ಕೆ ಒಂದು ಸಲಕ್ಕಾಗುವಷ್ಟು ನೀರು. ಆಮೇಲೆ ಕೆರೆ ಖಾಲಿ. ಕೆರೆ ಖಾಲಿಯಾದರೆ ಏರಿಯ ಕೆಳಗೆ ಕೆಲಸದವರ ಲೈನ್ ಮನೆಗಳಿಗೆ ಇರುವ ಒಂದೇ ಬಾವಿಯೂ ಖಾಲಿ. ಇದು ನನಗೆ ಗೊತ್ತಿತ್ತು. ಗೊತ್ತಿಲ್ಲದವಳ ಹಾಗೆ ಓಡಾಡುತ್ತಿದ್ದೆ.

ಆ ವಾರವೇ ಅವಳು ಬಂದಳು. ಮೈಸೂರಿನ ಹಾಸ್ಟೆಲಿನಲ್ಲಿ ಮೂರು ವರ್ಷ ನನ್ನ ಕೋಣೆ ಹಂಚಿಕೊಂಡ ಗೆಳತಿ. ಹಿಂದೂ ಮಹಾಸಾಗರದ ನಡುವಿನ ಪುಟ್ಟ ದ್ವೀಪದೇಶದವಳು. ಅವಳ ಕನ್ನಡ ನಾನೇ ಕಲಿಸಿದ್ದು, ಹಾಗಾಗಿ ಅದರಲ್ಲಿ ಅರ್ಧ ಬೈಗುಳ. ಈಗ ಅವಳ ದ್ವೀಪದ ನೀರಿನ ಉಸ್ತುವಾರಿ ಅವಳದೇ. ಬೆಂಗಳೂರಿಗೆ ಯಾವುದೋ ತರಬೇತಿಗೆ ಬಂದವಳು ನಾಲ್ಕು ದಿನ ನಮ್ಮಲ್ಲಿ ಉಳಿದಳು.

ಬೆಳಿಗ್ಗೆ ಮಂಜು ಇನ್ನೂ ಸಿಲ್ವರ್ ಓಕ್ ಮರಗಳ ಕಾಲಿನಲ್ಲಿ ಮಲಗಿರುವಾಗ ನಾವಿಬ್ಬರೂ ಕೆರೆಯ ಏರಿಯ ಮೇಲೆ ಕಾಫಿ ಲೋಟ ಹಿಡಿದು ಕೂರುತ್ತಿದ್ದೆವು. ಮೇಲಿನಿಂದ ಒರತೆಯ ನೀರು ಕೈಬೆರಳಿನಷ್ಟು ಸಣ್ಣಗೆ ಇಳಿಯುತ್ತಿತ್ತು. ಅವಳು ಅದನ್ನು ಎಷ್ಟು ನೋಡಿದರೂ ಸಾಲದು ಎಂಬಂತೆ ನೋಡುತ್ತಿದ್ದಳು.

"ನೀರು ತಾನೇ ನಡ್ಕಂಡು ಬರ್ತದಲ್ಲ ಮಾರಾಯ್ತಿ," ಎಂದಳು. ಅವಳ ದ್ವೀಪದಲ್ಲಿ ಇಳಿಜಾರೇ ಇಲ್ಲವಂತೆ. ತೆಂಗಿನ ಮರಕ್ಕಿಂತ ಎತ್ತರದ್ದು ಏನೂ ಇಲ್ಲ. ಮರಳಿನ ಒಳಗೆ, ಉಪ್ಪುನೀರಿನ ಮೇಲೆ ಸಿಹಿನೀರು ಹಾಲಿನ ಮೇಲಿನ ಕೆನೆಯ ಹಾಗೆ ತೆಳ್ಳಗೆ ನಿಂತಿರುತ್ತದೆ. ಬಿಂದಿಗೆಯಲ್ಲಿ ಸೇದುವಷ್ಟು ದಿನ ಅದು ನಿಂತಿತ್ತು. ಆಮೇಲೆ ಮನೆಮನೆಗೆ ಪಂಪು ಬಂತು, ಸಮುದ್ರವೂ ವರ್ಷ ವರ್ಷ ಮೇಲೆ ಬಂತು.

"ಒಂದಿನ ಅಮ್ಮ ಚಾ ಮಾಡಿದ್ಲು. ಉಪ್ಪು! ನಾನು ಅವಳಿಗೇ ಬೈದೆ, ಸಕ್ಕರೆ ಅಂತ ಉಪ್ಪು ಹಾಕಿದೀಯಾ ಅಂತ."

ಈಗ ಅಲ್ಲಿ ಉಪ್ಪು ತೆಗೆಯುವ ಯಂತ್ರವಿದೆ, ಅದಕ್ಕೆ ಡೀಸೆಲ್ ದೋಣಿಯಲ್ಲಿ ಬರಬೇಕು. ದೋಣಿ ತಡವಾದ ದಿನ ಸೂರಿನ ಮಳೆನೀರೇ ಗತಿ. ಅವಳು ಇದನ್ನೆಲ್ಲ ನಗುತ್ತಲೇ ಹೇಳಿದಳು. ನನಗೆ ಕನಸಿನಲ್ಲಿ ಕೇಳಿದ ಊರಿನ ಸುದ್ದಿಯಂತಿತ್ತು. ಅಲ್ಲಿಗೆ ನಿಲ್ಲಿಸಿದ್ದರೆ ಚೆನ್ನಾಗಿತ್ತು. ಅವಳು ಕೆರೆಯ ಕಡೆ ಕೈ ತೋರಿಸಿ, "ಇದನ್ನ ಪೂರ್ತಿ ಎಳೀಬೇಡ," ಎಂದಳು.

ನನಗೆ ಮೂಗಿನ ತುದಿಯಲ್ಲೇ ಕೋಪ. "ನಿಂಗೆ ಕಾಫಿ ಬಗ್ಗೆ ಏನ್ ಗೊತ್ತು? ಒಂದ್ ಹೂವು ಹೋದ್ರೆ ಒಂದ್ ವರ್ಷ ಹೋಯ್ತು," ಎಂದು ಎದ್ದು ಬಂದೆ.

ಮರುದಿನ ಬೆಳಕು ಹರಿಯುವ ಹೊತ್ತಿಗೇ ಮೇಸ್ತ್ರಿಯನ್ನು ಕರೆದು ಪಂಪು ಹಚ್ಚಿಸಿದೆ. "ಕೆರೆ ಪೂರ್ತಿನಾ ಅಕ್ಕಾ?" ಎಂದು ಅವರು ಕೇಳಿದರು. ಅವರ ಮನೆಯೂ ಲೈನಿನಲ್ಲೇ. ನಾನು ಮುಖ ಕೊಡದೆ ಹೂಂ ಎಂದೆ. ನೀರು ಚಿಮ್ಮುವ ಮೊದಲ ಜೆಟ್ಟು ಮನೆಯ ಹಿಂದೆಯೇ. ನೀರು ಸುತ್ತು ಹಾಕುತ್ತ ಬಂದು ಬಚ್ಚಲುಮನೆಯ ತಗಡಿನ ಮೇಲೂ ಅಂಗಳದಲ್ಲೂ ತಟಪಟ ಬಿದ್ದು ಹೋಗುತ್ತಿತ್ತು. ಒಣಮಣ್ಣಿನ ಪರಿಮಳ ಎದ್ದಿತು. ಪಾಪ ಮಾಡುತ್ತಿದ್ದರೂ ಎಷ್ಟು ಸುಖವಾಗಿತ್ತು ಆ ಗಳಿಗೆ!

ಅಷ್ಟರಲ್ಲಿ ಅಂಗಳದಲ್ಲಿ ಪಾತ್ರೆಗಳ ಸದ್ದು. ತಿರುಗಿ ನೋಡಿದರೆ ಅವಳು. ನಿದ್ದೆಗಣ್ಣು, ಬಿಚ್ಚಿದ ಕೂದಲು, ಬರಿಗಾಲು. ಕೊಡ, ಬೋಗುಣಿ, ಹಾಲಿನ ಪಾತ್ರೆ, ಕೊನೆಗೆ ನಾಯಿಯ ತಟ್ಟೆಯನ್ನೂ ತಂದು ಮಂಜಿನಲ್ಲಿ ಸಾಲಾಗಿ ಇಡುತ್ತಿದ್ದಳು. "ಮಳೆ! ಏಳೇ, ಮಳೆ ಬಂತು!" ಎಂದು ನನ್ನ ಕೋಣೆಯ ಕಡೆ ಕೂಗುತ್ತಿದ್ದಳು. ತಗಡಿನ ಮೇಲೆ ಸದ್ದಾದರೆ ಪಾತ್ರೆ ಹಿಡಿದು ಓಡುವುದು ಅವಳ ದ್ವೀಪದವರಿಗೆ ಬಾಲ್ಯದಿಂದ ಮೈಗೆ ಹತ್ತಿದ ಅಭ್ಯಾಸ.

ಮೊದಲು ನನ್ನನ್ನು ನೋಡಿದಳು. ಆಮೇಲೆ ಜೆಟ್ಟನ್ನು. ಕೆಳಗೆ ಕೆರೆಯ ಅಂಚಿನಲ್ಲಿ ಆಗಲೇ ಒಂದು ಪಟ್ಟಿ ಕೆಸರು ಕಾಣುತ್ತಿತ್ತು. ನಾಚಿಕೆಯಿಂದ ಅವಳ ಮುಖ ಸಣ್ಣದಾಯಿತು. ಬೈದಿದ್ದರೆ ನಾನೂ ತಿರುಗಿ ಬೈದು ಹಗುರಾಗುತ್ತಿದ್ದೆ. ಅವಳು ಬೈಯಲಿಲ್ಲ. ಎಲ್ಲ ಪಾತ್ರೆಗಳ ನೀರನ್ನೂ ಒಂದು ಕೊಡಕ್ಕೆ ಬಗ್ಗಿಸಿಕೊಂಡಳು. ಅರ್ಧ ಕೊಡವೂ ಆಗಲಿಲ್ಲ. ಅದನ್ನು ಸೊಂಟಕ್ಕೆ ಏರಿಸಿಕೊಂಡು ಇಳಿದು ಹೋಗಿ, ನಿಧಾನವಾಗಿ ಕೆರೆಗೆ ಸುರಿದು ಬಂದಳು.

ನನಗೆ ಅಳು ಬಂತು. ಇನ್ನೊಂದಷ್ಟು ಹೊತ್ತು ಏನೂ ಕಾಣದವಳ ಹಾಗೆ ನಾಟಕ ಮಾಡಿದೆ, ಮೇಲಿನ ಅರ್ಧ ತೋಟ ನೆನೆಯುವವರೆಗೆ. ಆಮೇಲೆ ನಾನೇ ಹೋಗಿ ಪಂಪು ನಿಲ್ಲಿಸಿದೆ.

ಅವಳು ಹೊರಟು ಒಂದು ವಾರಕ್ಕೆ ಮೇಲಿನ ಅರ್ಧ ಬೆಳ್ಳಗೆ ಅರಳಿತು. ಗೆರೆ ಎಳೆದ ಹಾಗೆ ಕೆಳಗಿನ ಅರ್ಧ ಹಸಿರಾಗಿಯೇ ಉಳಿಯಿತು. ರಸ್ತೆಯಲ್ಲಿ ಹೋಗುವವರು ನಿಂತು, "ಪೈಪು ಸಾಲ್ಲಿಲ್ವಾ?" ಎಂದು ತಮಾಷೆ ಮಾಡಿದರು. ನಾನು ಆ ಪರಿಮಳದ ಒಳಗೆ ಸುಮ್ಮನೆ ಅಡ್ಡಾಡುತ್ತಿದ್ದೆ. ಲೈನ್ ಮನೆಯ ಬಾವಿಯಿಂದ ರಾಟೆಯ ಕಿರುಗುಟ್ಟುವಿಕೆ ದಿನಾ ಕೇಳುತ್ತಿತ್ತು. ಕೆಳಗಿನ ಅರ್ಧದ ಮೊಗ್ಗು ಹೆಚ್ಚುಕಡಿಮೆ ಸುಟ್ಟೇ ಹೋಯಿತು. ಹೊಟ್ಟೆ ಉರಿಯಲಿಲ್ಲ ಎಂದು ಸುಳ್ಳು ಹೇಳಲಾರೆ.

ಏಪ್ರಿಲ್ ಕೊನೆಯಲ್ಲಿ, ಒಂದು ಮಧ್ಯಾಹ್ನ, ಮಳೆ ಬಂತು. ನಿಜವಾದದ್ದು. ನಾನು ಮಳೆಮಾಪಕದ ಕಡೆ ಹೋಗಲಿಲ್ಲ. ಅಡುಗೆಮನೆಗೆ ಓಡಿ ಕೊಡ, ಬೋಗುಣಿ, ನಾಯಿಯ ತಟ್ಟೆ ಎಲ್ಲವನ್ನೂ ಅಂಗಳಕ್ಕೆ ತಂದಿಟ್ಟೆ. ಪಕ್ಕದ ತೋಟದವರು ಫೋನು ಮಾಡಿ "ಎಷ್ಟು ಸೆಂಟು?" ಎಂದರು. "ಮೂರು ಕೊಡ, ಒಂದು ಬೋಗುಣಿ," ಎಂದೆ. ತಲೆ ಕೆಟ್ಟಿದೆ ಎಂದುಕೊಂಡಿರಬೇಕು.

ತಗಡಿನ ಮೇಲೆ, ಪಾತ್ರೆಗಳ ಒಳಗೆ ಬೀಳುವ ಆ ಸದ್ದನ್ನು ಮೊಬೈಲಿನಲ್ಲಿ ಹಿಡಿದು ಅವಳಿಗೆ ಕಳಿಸಿದೆ. ಸಂಜೆ ಅವಳ ದನಿ ಬಂತು, ಹಿಂದೆ ಸಮುದ್ರದ ಮೊರೆತ.

"ಇಲ್ಲಿ ಎರಡು ತಿಂಗಳಿಂದ ಒಂದ್ ಹನಿ ಇಲ್ಲ ಮಾರಾಯ್ತಿ. ಅಮ್ಮ ಮಲಗಿದ್ಲು, ಪಕ್ಕದಲ್ಲಿ ಕೂತು ನಿನ್ ಮಳೆ ಹಾಕ್ದೆ. ಕಣ್ಣು ಬಿಡೋಕ್ ಮುಂಚೇನೇ ಎದ್ಲು. ಕೊಡ ಹಿಡ್ಕಂಡು ಹೊರಗೆ ಹೋಗಿ ನಿಂತಿದಾಳೆ. ಹೆಂಗೆ ಹೇಳ್ಲಿ ಅವಳಿಗೆ?"