ಪೀಚ್ ಎಲೆಯ ತೋರಣ

ಮಗಳಿಗೆ ಬೆವರುಸಾಲೆ ಎದ್ದಿದೆ ಎಂದದ್ದಕ್ಕೆ, ನಾವೀಗಿರುವ ಶಿನಾಗಾವಾದ ಔಷಧದಂಗಡಿಯವಳು ಕಳೆದ ಬೇಸಿಗೆಯಲ್ಲಿ ಪೀಚ್ ಎಲೆಯ ಲೋಷನ್ ಕೊಟ್ಟಳು. ಸ್ನಾನದ ಮನೆಯಲ್ಲಿ ಮುಚ್ಚಳ ತಿರುಗಿಸಿದೆ, ಅಷ್ಟೆ. ಹಸಿ ಎಲೆ ಹಿಸುಕಿದಾಗ ಬರುವ, ಕಹಿ ಬಾದಾಮಿಯಂಥ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಒಂಬತ್ತು ವರ್ಷದವಳಿದ್ದಾಗಿನ ಹೆದರಿಕೆ ಮರಳಿ ಬಂತು. ಯಾವ ಕಸವನ್ನು ಯಾವ ವಾರ ಹೊರಗಿಡಬೇಕು ಎಂದೂ ನೋಡದೆ ಶೀಶೆಯನ್ನು ಎಸೆದುಬಿಟ್ಟೆ. ನಗಬೇಡಿ, ಎಲೆಗೆ ಹೆದರುವವರೂ ಇರುತ್ತಾರೆ.

ಆಗ ನಾವಿದ್ದದ್ದು ಸೆಂಡಾಯ್‌ನಿಂದಾಚೆ, ಬೆಟ್ಟದ ಬುಡದಲ್ಲಿ, ಕನ್ನೊ ಸಾನ್ ಎಂಬ ಮುದುಕರ ಪೀಚ್ ತೋಟಕ್ಕೆ ಅಂಟಿಕೊಂಡಿದ್ದ ಬಾಡಿಗೆ ಮನೆಯಲ್ಲಿ. ಅಪ್ಪ ವಿಶ್ವವಿದ್ಯಾಲಯದಲ್ಲಿ ಸಂಶೋಧಕರು. ಪರದೇಶದವರೆಂದರೆ ನಯವಾಗಿ ತಲೆಬಾಗಿ ಬಾಗಿಲು ಮುಚ್ಚುತ್ತಿದ್ದ ಏಳೆಂಟು ಮನೆಗಳನ್ನು ಅಲೆದ ಮೇಲೆ ಹ್ಞೂಂ ಎಂದವರು ಅವರೊಬ್ಬರೇ. ಹೆಂಡತಿಯನ್ನು ಕಳೆದುಕೊಂಡ ಒಂಟಿ ಜೀವ. ನಾವು ಬಂದ ವಸಂತದಲ್ಲಿ ನಮ್ಮ ಹಿತ್ತಿಲ ಬಾಗಿಲೆದುರು ಒಂದು ಸಸಿ ನೆಟ್ಟು, ‘ಇದರ ಮೊದಲ ಹಣ್ಣು ಅನು-ಚಾನ್‌ಗೆ’ ಎಂದು ನನ್ನ ತಲೆ ಸವರಿದ್ದರು. ಮೂರು ವರ್ಷ ಕಳೆಯುವಷ್ಟರಲ್ಲಿ ಅದು ನನ್ನನ್ನೂ ಮೀರಿ ಬೆಳೆಯಿತು. ಮುಂದಿನ ಬೇಸಿಗೆಗೆ ಹಣ್ಣು ಖಂಡಿತ ಎಂದು ಅವರು, ಎಷ್ಟು ಹಣ್ಣು ಎಂದು ನಾನು.

ಆ ಸೆಪ್ಟೆಂಬರಿನಲ್ಲಿ ಕನ್ನೊ ಸಾನ್ ಕಣ್ಣಿನ ಪೊರೆ ತೆಗೆಸಿಕೊಳ್ಳಲು ನಗೋಯಾದ ಮಗಳ ಮನೆಗೆ ಹೊರಟರು. ಹೊರಡುವ ಹಿಂದಿನ ದಿನ, ಮಬ್ಬುಗಣ್ಣಿನಲ್ಲೇ ಏಣಿ ಹತ್ತಿ, ನಮ್ಮ ಸಸಿಯದೂ ಸೇರಿ, ಅಡ್ಡಾದಿಡ್ಡಿ ಬೆಳೆದ ರೆಂಬೆಗಳನ್ನು ಕತ್ತರಿಸಿ ಮುಗಿಸಿದರು. ಅವರು ಹೋದ ವಾರಕ್ಕೇ ಗೌರಿ ಹಬ್ಬ. ಮಾವಿನೆಲೆಯಿಲ್ಲದ ಊರಿನಲ್ಲಿ ತೋರಣಕ್ಕೇನು ಮಾಡುವುದು? ಅಮ್ಮ ಹಿತ್ತಿಲ ಬಾಗಿಲಲ್ಲಿ ನಿಂತು ಕಣ್ಣರಳಿಸಿದಳು. ‘ನೋಡೇ, ಸೇಮ್ ಮಾವಿನೆಲೆ ಥರಾನೇ ಇದೆ! ಕೊಂಬೆ ಮುರೀಬೇಡ, ಬರೀ ಎಲೆ ಕಿತ್ಕೊ. ಹೇಗಿದ್ರೂ ಉದುರೋದೇ ತಾನೆ?’ ನಮ್ಮ ಮನೆಗಷ್ಟೇ ಅಲ್ಲ, ಸೆಂಡಾಯ್‌ನ ನಾಲ್ಕು ಕನ್ನಡ ಮನೆಗಳಿಗೂ ತೋರಣವಾಗುವಷ್ಟು ಕಿತ್ತೆ. ಸಂಜೆಗೆ ಸಸಿ ಬೋಳು. ಬೆರಳ ತುಂಬ ಆ ವಾಸನೆ. ಹಬ್ಬ ಬಹಳ ಚೆನ್ನಾಗಿ ಆಯಿತು.

ಎರಡೂ ಕಣ್ಣು ಸರಿಯಾಗಿ ಅವರು ಹಿಂದಿರುಗುವ ಹೊತ್ತಿಗೆ ಇಡೀ ತೋಟದ ಎಲೆ ಉದುರಿತ್ತು. ಯಾವುದು ಕಿತ್ತದ್ದು, ಯಾವುದು ಉದುರಿದ್ದು ಎಂದು ಹೇಳುವವರಿರಲಿಲ್ಲ. ಡಿಸೆಂಬರಿನಲ್ಲಿ ಚಳಿ ತಾಗದಂತೆ ಕಾಂಡಗಳಿಗೆ ಹುಲ್ಲು ಸುತ್ತುತ್ತ, ಹಗ್ಗ ಹಿಡಿದು ನಿಂತಿದ್ದ ನನಗೆ ಅವರು ಸುಮ್ಮನೆ ಹೇಳಿದರು: ‘ಉದುರುವ ಮುಂಚೆ ಎಲೆ ತನ್ನ ಸತ್ವವನ್ನೆಲ್ಲ ಕೊಂಬೆಗೆ ಕೊಟ್ಟು ಹೋಗುತ್ತೆ. ಅದೇ ಮರದ ಚಳಿಗಾಲದ ಊಟ. ಎಲೆ ಬೇಗ ಹೋದರೆ ಮರ ಉಪವಾಸ ನಿಂತು ಹಿಮ ತಡೀಬೇಕು.’ ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ; ನಾನು ಕೈಗಳನ್ನು ಕೋಟಿನ ಜೇಬಿಗೆ ತುರುಕಿಕೊಂಡೆ.

ಯಾವಾಗಲೂ ಜಪಾನಿಯಲ್ಲೇ ಉತ್ತರ ಕೊಡುತ್ತಿದ್ದ ನಾನು ಅಂದು ಅಮ್ಮನಿಗೆ ಕನ್ನಡದಲ್ಲೇ ಹೇಳಿದೆ. ‘ಅಮ್ಮಾ, ಆ ಗಿಡ ಸತ್ತೋಗತ್ತೆ.’ ಅಮ್ಮನ ಮುಖದ ಬಣ್ಣವೇ ಹೋಯಿತು. ‘ಶ್! ಯಾರ್ ಹತ್ರಾನೂ ಬಾಯ್ ಬಿಡ್ಬೇಡ. ಖಾಲಿ ಮಾಡಿ ಅಂದ್ಬಿಟ್ರೆ ಈ ಸ್ನೋನಲ್ಲಿ ಎಲ್ಲಿಗೆ ಹೋಗೋದು? ಮತ್ತೆ ನಮ್ಗೆ ಯಾರು ಮನೆ ಕೊಡ್ತಾರೆ?’ ಅಮ್ಮನಿಗೂ ಹೆದರಿಕೆಯಾಗುತ್ತದೆಂದು ನನಗೆ ಗೊತ್ತಾದದ್ದು ಆವತ್ತೇ. ಅದು ಗೊತ್ತಾದ ಮೇಲೆ ನನ್ನ ಹೆದರಿಕೆಗೆ ತಳವೇ ಇಲ್ಲದಂತಾಯಿತು.

ಜೀವವಿದೆಯೇ ಎಂದು ನೋಡಲು ಕನ್ನೊ ಸಾನ್ ತೊಗಟೆಯನ್ನು ಉಗುರಿನಿಂದ ಕೆರೆಯುತ್ತಿದ್ದರು: ಒಳಗೆ ಹಸಿರಿದ್ದರೆ ಸರಿ. ನಾನೂ ಶಾಲೆಯಿಂದ ಬಂದು, ಹಿಮದಲ್ಲಿ ಮೊಣಕಾಲುದ್ದ ಹೂತು, ದಿನಕ್ಕೊಂದು ಕಡೆ ಕೆರೆದೆ. ಹಸಿರು. ಮರುದಿನವೂ ಹಸಿರು. ಅಡುಗೆಮನೆಯಲ್ಲಿ ಸಾರಿನ ಒಗ್ಗರಣೆ ಚಟಗುಟ್ಟುತ್ತಿದ್ದರೂ ನನಗೆ ಊಟ ಸೇರುತ್ತಿರಲಿಲ್ಲ. ಜನವರಿಯ ಕೊನೆಯಲ್ಲೊಂದು ದಿನ ಕೆರೆದಾಗ ಕಂದು ಬಣ್ಣ ಕಂಡಿತು. ಬೇರೆ ಕಡೆ ಕೆರೆದೆ, ಅಲ್ಲೂ ಕಂದು. ಆಮೇಲೆ ಹಿತ್ತಿಲ ಬಾಗಿಲಿನತ್ತ ಹೋಗುವುದನ್ನೇ ಬಿಟ್ಟೆ.

ಎಲೆ ಉದುರಿದ ಮೇಲೆ, ಕಡುಚಳಿ ಇಳಿಯದೆ ಪೀಚ್ ಮರಕ್ಕೆ ಕತ್ತರಿ ಮುಟ್ಟಿಸಬಾರದು. ಅದಕ್ಕೆ ಕಾದಿದ್ದು, ಫೆಬ್ರವರಿ ಮುಗಿಯುವಾಗ ಅವರು ಏಣಿ ಹೊತ್ತು ಬಂದರು. ಕತ್ತರಿಯ ಸದ್ದು ಸಾಲಿನಿಂದ ಸಾಲಿಗೆ ನಮ್ಮ ಮನೆಯತ್ತ ಬಂತು, ಹಿತ್ತಿಲಲ್ಲಿ ನಿಂತಿತು. ಆಮೇಲೆ ಬಾಗಿಲ ಗಂಟೆ. ಅಮ್ಮ ನನ್ನ ಭುಜ ಗಟ್ಟಿಯಾಗಿ ಹಿಡಿದುಕೊಂಡೇ ಬಾಗಿಲು ತೆರೆದಳು. ಕನ್ನೊ ಸಾನ್ ಟೋಪಿ ತೆಗೆದು ಕೈಯಲ್ಲಿ ಹಿಡಿದಿದ್ದರು. ಅಮ್ಮನಿಗಲ್ಲ, ನನಗೆ, ಒಂಬತ್ತು ವರ್ಷದವಳಿಗೆ, ಸೊಂಟ ಬಗ್ಗಿಸಿ ತಲೆಬಾಗಿದರು. ‘ಅನು-ಚಾನ್, ತಪ್ಪಾಯಿತು. ನಿನ್ನ ಮರ ಹೋಯಿತು. ಕಣ್ಣು ಕಾಣದಿದ್ದಾಗ ಕತ್ತರಿ ಹಿಡಿದೆ, ಜಾಸ್ತಿ ಕತ್ತರಿಸಿಬಿಟ್ಟೆ. ಮಾತು ಉಳಿಸಿಕೊಳ್ಳಲಿಲ್ಲ.’

ಎಲೆ ಕಿತ್ತವಳು ನಾನೆಂದು ಹೇಳಬಹುದಿತ್ತು. ಭುಜದ ಮೇಲೆ ಅಮ್ಮನ ಬೆರಳುಗಳು ಒತ್ತಿದವು. ನಾನು ‘ದಾಯ್ಜೋಬು’ ಎಂದೆ, ಪರವಾಗಿಲ್ಲ, ಎಂದು.

ಉಳಿದ ಸಾಲುಗಳನ್ನು ಅವರು ಮುಟ್ಟಲಿಲ್ಲ. ತಮ್ಮ ಕೈಯನ್ನು ಇನ್ನು ನಂಬಲಾಗದೆಂದು ಅಪ್ಪನೊಡನೆ ಹೇಳಿದರಂತೆ. ಏಣಿ ಕೊಟ್ಟಿಗೆ ಸೇರಿತು, ಮರಗಳು ಮನಬಂದಂತೆ ಬೆಳೆದು ರೋಗ ಹಿಡಿದವು. ನಾವು ಊರು ಬಿಟ್ಟ ಮೇಲೆ ತೋಟವೂ ಹೋಯಿತು, ಮನೆಯೂ ಹೋಯಿತು. ಕನ್ನೊ ಸಾನ್ ತೀರಿಕೊಂಡ ಸುದ್ದಿ, ವರ್ಷವರ್ಷವೂ ಅವರು ಕಳಿಸುತ್ತಿದ್ದ ಹೊಸವರ್ಷದ ಕಾರ್ಡಿನ ಬದಲಿಗೆ, ಅವರ ಮಗಳ ಕಾರ್ಡಿನಲ್ಲಿ ಬಂತು. ನಮ್ಮನ್ನು ಯಾರೂ ಮನೆ ಬಿಡಿಸಲಿಲ್ಲ, ಯಾರೂ ಬೈಯಲಿಲ್ಲ. ಎಲೆ ಕಿತ್ತವಳ ಕೈಯಿಂದಲೇ ಕ್ಷಮೆ ಪಡೆದುಕೊಂಡು ಅವರು ಹೋದರು.