ಹದಿನೆಂಟು ಸಲ ಬೀಳುವ ಜಯಸಿಂಹ

ಬೆಳಗಿನ ಐದೂವರೆ. ಫಾರ್ಮಿಂಗ್ಟನ್ ಹಿಲ್ಸ್‌ನ ತಮ್ಮ ಮನೆಯ ಬೇಸ್‌ಮೆಂಟಿನಲ್ಲಿ ಜಯಸಿಂಹ ಬೀಳುತ್ತಿದ್ದಾರೆ. ಹಳೆಯ ಹಾಸಿಗೆಯ ಮೇಲೆ ಒಮ್ಮೆ ಅಂಗಾತ, ಒಮ್ಮೆ ಮಗ್ಗುಲಾಗಿ. ಬೀಳುವುದೇ ಈಗ ಅವರ ಕೆಲಸ.

ಹೋದ ವರ್ಷ, 2008ರ ಕೊನೆಗೆ, ಕಾರಿನ ಬಿಡಿಭಾಗಗಳ ಕಂಪನಿ ಇವರ ವಿಭಾಗವನ್ನೇ ಮುಚ್ಚಿತು. ಹದಿನಾಲ್ಕು ವರ್ಷದ ಎಂಜಿನಿಯರಿಕೆ ಒಂದು ಮಧ್ಯಾಹ್ನಕ್ಕೆ ಮುಗಿಯಿತು. "ಎಪ್ಪತ್ತು ಕಡೆ ಅಪ್ಲೈ ಮಾಡ್ದೆ. ಕರೆದಿದ್ದು ಇವರೊಬ್ಬರೇ," ಎನ್ನುತ್ತಾರೆ. ಇವರೆಂದರೆ ಲೈಬ್ರರಿಗಳಲ್ಲಿ ಹಳೆಯ ಮೂಕಿ ಹಾಸ್ಯಚಿತ್ರ ತೋರಿಸುವ ಪುಟ್ಟ ತಂಡ. ಚಿತ್ರಕ್ಕೆ ಮುಂಚೆ ಏಳು ನಿಮಿಷ, ಆ ಕಾಲದ ನಟರಂತೆ ತುಟಿಪಿಟಕ್ಕೆನ್ನದೆ, ಬಿದ್ದು ಎದ್ದು ನಗಿಸಬೇಕು. ಒಂದು ಪ್ರದರ್ಶನದಲ್ಲಿ ಹದಿನೆಂಟು ಸಲ; ವಾರಕ್ಕೆ ನಾಲ್ಕು ಪ್ರದರ್ಶನ. "ಬೀಳೋಕೆ ಮುಂಚೆ ಒಂದು ಕ್ಷಣ ನಿಲ್ಬೇಕು. ನಗು ಇರೋದೇ ಅಲ್ಲಿ."

ಹೆಂಡತಿ ಇಂದುಮತಿಗೆ ಮಾತ್ರ ವಿಷಯ ಗೊತ್ತಿತ್ತು. ಹನ್ನೊಂದರ ಮಗಳು ಮಾನ್ಯಾಗೆ ಕಾಂಟ್ರಾಕ್ಟ್ ಕೆಲಸವೆಂದು ಹೇಳಿ, ಟೈ ಕಟ್ಟಿಕೊಂಡು ಹೊರಡುತ್ತಿದ್ದರು. ಮುಖಕ್ಕೆ ಬಿಳಿ ಬಣ್ಣ ಬಳಿದ ಮೇಲೆ ಯಾರಿಗೂ ಗುರುತು ಸಿಗುತ್ತಿರಲಿಲ್ಲ.

ಏಪ್ರಿಲ್‌ನಲ್ಲಿ ಶಾಲೆಯವರು ಮಾನ್ಯಾಳ ಕ್ಲಾಸನ್ನು ಮೂವತ್ತು ಮೈಲಿ ಆಚೆಯ ಲೈಬ್ರರಿಗೆ ಕರೆದೊಯ್ದರು. ಯಾವ ಲೈಬ್ರರಿ ಎಂದು ಮನೆಯಲ್ಲಿ ಯಾರೂ ಕೇಳಿರಲಿಲ್ಲ. ನನ್ನ ಮಗನೂ ಅದೇ ಕ್ಲಾಸು. ಜೊತೆಗೆ ನಾನೂ ಹೋಗಿದ್ದೆ. ಎಡವಿ ಬೀಳಲೆಂದು ಎಂದೂ ಇಡುವ ಖಾಲಿ ಪೆಟ್ಟಿಗೆಗಳ ಬದಲು ಅಂದು ಸಿಬ್ಬಂದಿ ಹಳೆಯ ಪುಸ್ತಕಗಳನ್ನು ಪೇರಿಸಿಟ್ಟಿದ್ದರು. ಬಿಳಿಮುಖದ ಮನುಷ್ಯ ಎಡವಿದ, ಪುಸ್ತಕಗಳು ಚೆಲ್ಲಾಪಿಲ್ಲಿಯಾದವು, ಮಕ್ಕಳು ಹೊಟ್ಟೆ ಹಿಡಿದು ನಕ್ಕರು. ಮರುಕ್ಷಣವೇ ಆತ ಬಗ್ಗಿ, ಕಾಲು ತಾಗಿದ ಪುಸ್ತಕವನ್ನು ಮುಟ್ಟಿ ಕಣ್ಣಿಗೊತ್ತಿಕೊಂಡ. ಈ ಪರದೇಶದಲ್ಲಿ ಹೀಗೆ ಮಾಡುವವರು ನಮ್ಮವರಲ್ಲದೆ ಇನ್ಯಾರು? ದಿಟ್ಟಿಸಿ ನೋಡಿದೆ. "ಅಯ್ಯೋ, ಇವ್ರು ನಮ್ಮ ಜಯಸಿಂಹ ಅಲ್ವಾ," ಎಂದು ಎಲ್ಲರಿಗೂ ಕೇಳುವಂತೆ ಅಂದುಬಿಟ್ಟೆ. ನನ್ನ ಬಾಯಿಗೆ ಬೀಗವಿಲ್ಲ. ನೆನೆಸಿಕೊಂಡರೆ ಈಗಲೂ ನಾಚಿಕೆಯಾಗುತ್ತದೆ.

ಈ ಬರಹದಲ್ಲಿ ಹೆಸರು ಹಾಕಬಹುದೇ ಎಂದು ಮೂರು ಸಲ ಕೇಳಿದೆ. "ಹಾಕಿ, ಇನ್ನೇನಿದೆ ಮುಚ್ಚಿಡೋಕೆ," ಎಂದರು.

"ಅಲ್ಲೀವರೆಗೂ ಎಲ್ಲರಿಗಿಂತ ಜೋರಾಗಿ ನಗ್ತಿದ್ದೋಳು ಮಾನ್ಯಾನೇ," ಎನ್ನುತ್ತಾರೆ, ನನ್ನ ಮುಖ ನೋಡದೆ. "ನೀವು ಹೆಸರು ಹೇಳಿದ್ರಿ, ನಗು ನಿಂತುಹೋಯ್ತು. ಸಾಯಂಕಾಲ, 'ಸ್ಕೂಲಿಗೆ ಪಿಕ್ ಮಾಡೋಕೆ ಡೋಂಟ್ ಕಮ್, ಅಪ್ಪಾ' ಅಂದ್ಲು. ಬಿದ್ದಿದ್ದಕ್ಕೆ ನಂಗೇನೂ ಇಲ್ಲ. ಸುಳ್ಳು ಹೇಳಿದ್ದಕ್ಕೆ ತಲೆ ಎತ್ತೋಕಾಗ್ತಿಲ್ಲ."

ಏನು ಆಸೆ ಎಂದು ಕೇಳಿದರೆ ಹಾಸಿಗೆಯನ್ನು ಎತ್ತಿ ಗೋಡೆಗೆ ಒರಗಿಸುತ್ತಾರೆ.

"ಕೆಲಸ ಇವತ್ತಲ್ಲ ನಾಳೆ ಸಿಗುತ್ತೆ ಬಿಡಿ. ಅದಕ್ಕೆ ಮುಂಚೆ ಒಂದೇ ಒಂದು ಸಲ ಅವಳು ಬಂದು ಮುಂದಿನ ಸಾಲಲ್ಲಿ ಕೂರ್ಲಿ. ಅಪ್ಪ ಅಂತ ಗೊತ್ತಿದ್ದೂ ನಗ್ಲಿ."